ಅಥಾಸ್‌ನಲ್ಲಿ ಷಷ್ಟ್ಯಬ್ದಿ ಯಾವಾಗ?

‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಆಟಕ್ಕೆ ಸೇರಿದ ಲೋಕಗಳು ಹಲವು. ಅವುಗಳಲ್ಲಿ ಅಥಾಸ್‌ನಷ್ಟು ಬಡ ಲೋಕ ಸಿಗುವುದು ಕಷ್ಟ. ಬಣ್ಣಗೆಟ್ಟ ಸೂರ್ಯ, ನೀರಿಲ್ಲದೆ ಹೂಳು ತುಂಬಿದ ಕಡಲು, ಕಬ್ಬಿಣದ ಚೂರಿಗೂ ಬರ. 1991ರಲ್ಲಿ ‘ಡಾರ್ಕ್ ಸನ್’ ಹೆಸರಿನಲ್ಲಿ ಬಂದ ಈ ಮರಳುಗಾಡಿಗೆ ಪಂಚಾಂಗ ಕೊಡುವಾಗ ಮಾತ್ರ ಅದರ ಕರ್ತೃಗಳು ಕೈ ಬಿಗಿಹಿಡಿಯಲಿಲ್ಲ.

ಅಲ್ಲಿ ವರ್ಷಕ್ಕೆ 375 ದಿನ, ಪ್ರತಿ ವರ್ಷಕ್ಕೂ ಒಂದು ಹೆಸರು. ಹೆಸರು ಹುಟ್ಟುವುದು ಎರಡು ಪಟ್ಟಿಗಳಿಂದ. ರಾಲ್ ಎಂಬ ಚಂದ್ರನಿಂದ ಹಿಡಿದು ಗುಥೇ ಎಂಬ ಇನ್ನೊಂದು ಚಂದ್ರನವರೆಗೆ ಹನ್ನೊಂದು ಪದಗಳದ್ದು ಒಂದು. ಕ್ರೋಧ, ಚಿಂತನೆ, ಸೇಡು, ನಿದ್ದೆ ಎಂದು ಸಾಗುವ ಏಳು ಪದಗಳದ್ದು ಇನ್ನೊಂದು. ಪ್ರತಿವರ್ಷ ಎರಡೂ ಒಂದೊಂದು ಮನೆ ಮುಂದೆ ಸರಿಯುತ್ತವೆ. ಮೊದಲ ವರ್ಷ ರಾಲ್‌ನ ಕ್ರೋಧ, ಎರಡನೆಯದು ಗೆಳೆಯನ ಚಿಂತನೆ. ಎಂಟನೆಯ ವರ್ಷ ಕ್ರೋಧ ಮತ್ತೆ ಬರುತ್ತದೆ, ಆದರೆ ಆಗ ಅದು ದೊರೆಯ ಪಾಲಿನದು. ಹನ್ನೊಂದಕ್ಕೂ ಏಳಕ್ಕೂ ಸಾಮಾನ್ಯ ಅಪವರ್ತನವಿಲ್ಲದ್ದರಿಂದ 77 ವರ್ಷ ಕಳೆಯುವವರೆಗೆ ಯಾವ ಹೆಸರೂ ಮರುಕಳಿಸುವುದಿಲ್ಲ. ಆ 77 ವರ್ಷಕ್ಕೆ ಒಂದು ‘ರಾಜಯುಗ’.

ಪ್ರಭವ, ವಿಭವ ಎಂದು ಎಣಿಸಿ ಬೆಳೆದವರಿಗೆ ಇದು ಹೊಸ ಊರೇನಲ್ಲ. ನಮ್ಮ ಪಟ್ಟಿಯಲ್ಲೂ ಕ್ರೋಧಿ ಇದ್ದಾನೆ, ಕ್ರೋಧನನೂ ಇದ್ದಾನೆ. ಗುರು ಸುಮಾರು ಹನ್ನೆರಡು ವರ್ಷಕ್ಕೆ, ಶನಿ ಸುಮಾರು ಮೂವತ್ತು ವರ್ಷಕ್ಕೆ ರಾಶಿಚಕ್ರ ಸುತ್ತುವುದರಿಂದ ಅರವತ್ತರ ಲೆಕ್ಕಕ್ಕೆ ಆಕಾಶದ ಆಧಾರವಿದೆ. ಹುಟ್ಟಿದ ಸಂವತ್ಸರ ಮರಳಿ ಬಂದರೆ ಷಷ್ಟ್ಯಬ್ದಿ ಮಾಡಿಕೊಳ್ಳುತ್ತೇವೆ. ಅಥಾಸ್‌ನವರು ಅದಕ್ಕೆ 77 ದಾಟಬೇಕು. ನೀರಿಗಾಗಿ ಕೊಲೆ ನಡೆಯುವ ಲೋಕದಲ್ಲಿ ಆ ಶಾಂತಿಹೋಮಕ್ಕೆ ಎಷ್ಟು ಜನ ಉಳಿದಿರುತ್ತಾರೋ! ಹುಟ್ಟಿದ ವರ್ಷದ ಹೆಸರನ್ನು ಎರಡನೇ ಸಲ ಕೇಳುವುದೇ ಅಪರೂಪವಾಗುವಂಥ ಈ ಲೆಕ್ಕ ಆ ಲೋಕದ ಕ್ರೌರ್ಯಕ್ಕೆ ಸರಿಯಾಗಿ ಹೊಂದುತ್ತದೆ.

ಕೆನಡಾದ ಎಡ್ ಗ್ರೀನ್‌ವುಡ್ ಬಾಲ್ಯದಿಂದಲೇ ಕಟ್ಟುತ್ತ ಬಂದ, 1987ರಲ್ಲಿ ಇದೇ ಆಟದ ಲೋಕವಾಗಿ ಪ್ರಕಟವಾದ ‘ಫರ್ಗಾಟನ್ ರೆಲ್ಮ್ಸ್’ನ ಪಂಚಾಂಗ ಇದಕ್ಕಿಂತ ಸೌಮ್ಯ. ಮೂವತ್ತು ದಿನಗಳ ಹನ್ನೆರಡು ತಿಂಗಳು, ವಾರದ ಬದಲು ಹತ್ತು ದಿನದ ಗುಂಪು, ಯಾವ ತಿಂಗಳಿಗೂ ಸೇರದ ಐದು ಹಬ್ಬಗಳು. ಫ್ರಾನ್ಸಿನ ಕ್ರಾಂತಿಕಾರಿಗಳು 1793ರಲ್ಲಿ ತಂದದ್ದೂ ಹೆಚ್ಚುಕಡಿಮೆ ಇಂಥದ್ದೇ. ಏಳು ದಿನಕ್ಕೊಮ್ಮೆ ಸಿಗುತ್ತಿದ್ದ ಬಿಡುವು ಹತ್ತಕ್ಕೆ ಏರಿದ್ದು ದುಡಿಯುವವರಿಗೆ ಹಿಡಿಸಲಿಲ್ಲ. 1806ರ ಆರಂಭಕ್ಕೆ ನೆಪೋಲಿಯನ್ ಅದನ್ನು ಕೈಬಿಟ್ಟ. ಕಲ್ಪನೆಯ ಲೋಕದಲ್ಲಿ ರಜೆಗಾಗಿ ಗೊಣಗುವ ಕೂಲಿಯವನು ಕಾಣುವುದು ಕಡಿಮೆ. ಇಂಥ ಪಂಚಾಂಗಗಳು ಅಷ್ಟು ನುಣುಪಾಗಿ ನಡೆಯುವುದಕ್ಕೆ ಅದೂ ಒಂದು ಕಾರಣವಿರಬೇಕು.

ಒಂದೊಂದು ಲೋಕದ ಲೆಕ್ಕ ಹೀಗೆ ಮುಗಿಯಬಹುದು. ಲೋಕಗಳ ನಡುವೆ ಬಾಗಿಲು ತೆರೆದಾಗಲೇ ಪೇಚು. 1994ರ ‘ಪ್ಲೇನ್‌ಸ್ಕೇಪ್’ನಲ್ಲಿ ಎಲ್ಲ ಲೋಕಗಳಿಗೂ ಬಾಗಿಲಿರುವ ಸಿಗಿಲ್ ಎಂಬ ನಗರವಿದೆ. ಅಲ್ಲಿ ಸೂರ್ಯನೂ ಇಲ್ಲ, ಚಂದ್ರನೂ ಇಲ್ಲ. ಬೆಳಕು ತಾನಾಗಿ ಏರಿ ತಾನಾಗಿ ಇಳಿಯುತ್ತದೆ. ಆಕಾಶವಿಲ್ಲದ ಮೇಲೆ ವರ್ಷವನ್ನು ಯಾವುದರಿಂದ ಎಣಿಸುವುದು? ಅಲ್ಲಿನ ಒಂದು ಪಂಗಡದ ಮುಖ್ಯಸ್ಥ ಹಾಶ್‌ಕರ್ ಅಧಿಕಾರಕ್ಕೆ ಬಂದ ದಿನದಿಂದ! ಗ್ರಹಗತಿ ಕೈಕೊಟ್ಟಲ್ಲಿ ಗದ್ದುಗೆಯೇ ಗತಿ. ಆಕಾಶ ತಲೆಯ ಮೇಲಿದ್ದರೂ ಕಲ್ಯಾಣದ ಆರನೇ ವಿಕ್ರಮಾದಿತ್ಯ 1076ರಲ್ಲಿ ಶಕವರ್ಷವನ್ನು ಬದಿಗೆ ಸರಿಸಿ ಚಾಲುಕ್ಯ ವಿಕ್ರಮ ವರ್ಷವನ್ನು ಜಾರಿಗೆ ತಂದ. ಅವನ ಕಾಲದ ಶಾಸನಗಳ ತುಂಬ ಆ ಎಣಿಕೆಯೇ.

ಸಿಗಿಲ್‌ನ ಉಪಾಯ ನನಗೆ ಹಿಡಿಸಿತಾದರೂ ಅದು ಊರೊಳಗಿನ ಕಡತಗಳಿಗೆ ಸಾಕು, ಪಯಣಿಗರಿಗೆ ಸಾಲದು. ಪಯಣಿಗರ ಪಾಡನ್ನು ಭಾಗವತ ಬಲ್ಲದು. ಮಗಳು ರೇವತಿಗೆ ವರ ಕೇಳಲು ಬ್ರಹ್ಮಲೋಕಕ್ಕೆ ಹೋದ ಕಕುದ್ಮಿ ರಾಜ, ಸಂಗೀತ ಮುಗಿಯಲೆಂದು ಸ್ವಲ್ಪ ಹೊತ್ತು ಕಾದ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗಗಳು ಉರುಳಿದ್ದವು. ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರರೆಲ್ಲ ಕಾಲವಾಗಿದ್ದರು. ಆಟದ ಪುಸ್ತಕಗಳು ಇಷ್ಟು ದೂರ ಹೋಗುವುದು ಅಪರೂಪ. ಅಲ್ಲಿನ ತೊಂದರೆ ಸಣ್ಣದು. ದಿನದ ಉದ್ದ ಎಲ್ಲೆಡೆ ಒಂದೇ ಎಂದುಕೊಂಡರೂ, ಅಥಾಸ್‌ನಲ್ಲಿ ಇಪ್ಪತ್ತು ತುಂಬಿದ ಹುಡುಗಿ 336 ದಿನಗಳ ವರ್ಷವಿರುವ ಎಬೆರಾನ್ ಎಂಬ ಇನ್ನೊಂದು ಲೋಕಕ್ಕೆ ಕಾಲಿಟ್ಟ ಗಳಿಗೆಯಲ್ಲೇ ಇಪ್ಪತ್ತೆರಡು ದಾಟಿರುತ್ತಾಳೆ. ಜಾತಕ ಬರೆಯಬೇಕಾದ ಜೋಯಿಸರು ಯಾವ ಲೋಕದ ಲಗ್ನ ಹಿಡಿಯಬೇಕೋ!