ಓಡಿ ಬರುವವನ ಹಿಂದೆ ಓಡಬೇಡಿ

ಜೂನ್‌ನಲ್ಲಿ ಮಳೆ ಹಿಡಿಯಿತೆಂದರೆ ಕೊಡಗಿನ ಚೆಟ್ಟಳ್ಳಿಯ ಮೈದಾನದಲ್ಲಿ ಚೆಂಡು ಉರುಳುವುದಿಲ್ಲ, ಕೆಸರಿಗೆ ಕಚ್ಚಿಕೊಳ್ಳುತ್ತದೆ. ಹುಡುಗರ ಫುಟ್‌ಬಾಲ್ ಆಗ ಮೊಬೈಲಿಗೆ ಇಳಿಯುತ್ತದೆ. ಇಫುಟ್‌ಬಾಲ್ ಆಗಲಿ, ಇಎ ಎಫ್‌ಸಿ ಮೊಬೈಲ್ ಆಗಲಿ, ಅಂಗಡಿ ಜಗಲಿಯಲ್ಲಿ, ತೋಟದ ಲೈನ್‌ಮನೆಗಳ ಮುಂದೆ, ಸಿದ್ದಾಪುರದ ಬಸ್ಸಿಗೆ ಕಾಯುವಲ್ಲಿ ಒಂದು ಪರದೆಯ ಮೇಲೆ ನಾಲ್ಕು ತಲೆ ಬಗ್ಗಿರುತ್ತವೆ. ಗೋಲು ಹೊಡೆಯುವುದು ಬಹುತೇಕರಿಗೆ ಬೇಗ ಕೈಗೆ ಹತ್ತುತ್ತದೆ. ಎದುರಾಳಿ ಚೆಂಡು ಹಿಡಿದು ನೇರ ನುಗ್ಗಿದಾಗ ಏನು ಮಾಡಬೇಕೆಂಬುದು ಮಾತ್ರ ಹತ್ತುವುದಿಲ್ಲ. ಅದರ ಬಗ್ಗೆ ಪಕ್ಕದಲ್ಲಿ ಕೂತವರು ಕೊಡುವ ಸಲಹೆಗಳೂ ಹೆಚ್ಚಿನವು ತಪ್ಪು. ಭಾರತದ ಹಾಕಿ ತಂಡಕ್ಕೆ ಒಳ್ಳೊಳ್ಳೆಯ ಡಿಫೆಂಡರ್‌ಗಳನ್ನು ಕೊಟ್ಟ ಜಿಲ್ಲೆ ಇದು. ಇಲ್ಲಿಯ ಮಕ್ಕಳೇ ತಡೆಯುವ ಆಟವನ್ನು ಕಡೆಗಣಿಸಿದರೆ ನನಗೆ ಸುಮ್ಮನಿರಲಾಗುವುದಿಲ್ಲ.

“ಅವನು ಓಡಿದರೆ ನೀನೂ ಓಡು, ಸ್ಪ್ರಿಂಟ್ ಬಟನ್ ಬಿಡಬೇಡ”

ಎಲ್ಲಕ್ಕಿಂತ ಹಳೆಯ ಮತ್ತು ಎಲ್ಲಕ್ಕಿಂತ ದುಬಾರಿ ತಪ್ಪು ಇದು. ಇದರ ಮೂಲ ಹಳೆಯ ಗೇಮ್‌ಗಳಲ್ಲೇ ಇದೆ. ಮೊದಲಿನ ಫಿಫಾ ಗೇಮ್‌ಗಳಲ್ಲಿ ಒಂದು ಬಟನ್ ಒತ್ತಿ ಹಿಡಿದರೆ ಡಿಫೆಂಡರ್ ತಾನಾಗಿಯೇ ಚೆಂಡಿನ ಬೆನ್ನು ಹತ್ತಿ ಕಿತ್ತುಕೊಳ್ಳುತ್ತಿದ್ದ. 2011ರಲ್ಲಿ ಬಂದ ಫಿಫಾ 12 ಈ ಪದ್ಧತಿಯನ್ನು ಬದಲಿಸಿ, ಎಲ್ಲಿ ನಿಲ್ಲಬೇಕು, ಯಾವಾಗ ಕಾಲು ಚಾಚಬೇಕು ಎಂಬ ಹೊಣೆಯನ್ನು ಆಡುವವನಿಗೇ ಬಿಟ್ಟಿತು. ಅಣ್ಣಂದಿರು ಹಳೆಯ ಗೇಮ್‌ನಲ್ಲಿ ಕಲಿತ ಅಭ್ಯಾಸ ತಮ್ಮಂದಿರ ಬೆರಳಲ್ಲಿ ಇನ್ನೂ ಉಳಿದಿದೆ.

ಪೂರ್ತಿ ವೇಗದಲ್ಲಿ ಓಡುವ ಡಿಫೆಂಡರ್ ತಟ್ಟನೆ ತಿರುಗಲಾರ. ಎದುರಾಳಿ ಬಲಕ್ಕೆ ಒಂದು ಹೆಜ್ಜೆ ತೋರಿಸಿ ಎಡಕ್ಕೆ ಹೊರಳಿದರೆ ನಿಮ್ಮವನು ಆ ವೇಗದಲ್ಲೇ ಮೂರು ಹೆಜ್ಜೆ ಮುಂದೆ ಹೋಗಿ, ಬೆನ್ನು ತೋರಿಸಿ, ಆಮೇಲೆ ತಿರುಗುತ್ತಾನೆ. ಅಷ್ಟರಲ್ಲಿ ಗೋಲ್‌ಕೀಪರ್ ಒಬ್ಬನೇ ಉಳಿದಿರುತ್ತಾನೆ. ಅದಕ್ಕಾಗಿಯೇ ಎಫ್‌ಸಿಯಲ್ಲಿ ಜಾಕಿ, ಇಫುಟ್‌ಬಾಲ್‌ನಲ್ಲಿ ಮ್ಯಾಚ್ ಅಪ್ ಎಂಬ ಬಟನ್ ಇದೆ. ಅದನ್ನು ಒತ್ತಿದರೆ ಡಿಫೆಂಡರ್ ಮೊಣಕಾಲು ಬಗ್ಗಿಸಿ, ಎದುರಾಳಿಗೆ ಮುಖ ಕೊಟ್ಟು, ಹಿಂದಕ್ಕೂ ಪಕ್ಕಕ್ಕೂ ಸರಿಯುತ್ತಾನೆ. ಸ್ಪ್ರಿಂಟ್ ಬೇಕಾಗುವುದು ಆ ಸ್ಥಾನಕ್ಕೆ ತಲುಪುವವರೆಗೆ ಮಾತ್ರ. ಓಡಬೇಕಾದ್ದು ಎದುರಾಳಿ ಈಗ ಇರುವ ಜಾಗಕ್ಕೂ ಅಲ್ಲ, ಅವನಿಗೂ ಗೋಲಿಗೂ ನಡುವಿನ ಜಾಗಕ್ಕೆ. ಅಲ್ಲಿ ಮೊದಲು ಮುಟ್ಟಿದರೆ ನಿಧಾನದ ಡಿಫೆಂಡರ್ ಕೂಡ ವೇಗದ ಫಾರ್ವರ್ಡ್‌ನನ್ನು ನಿಲ್ಲಿಸಬಲ್ಲ.

ನಿಂತ ಮೇಲೆ ಮಾಡಬೇಕಾದ್ದು ಅವನನ್ನು ಬದಿಗೆ ತಳ್ಳುವುದು. ಗೋಲ್‌ಪೋಸ್ಟ್‌ಗಳ ನಡುವಿನ ಅಂತರ 7.32 ಮೀಟರ್. ಪೆನಾಲ್ಟಿ ಬಿಂದುವಿನಿಂದ, ಅಂದರೆ ಗೋಲಿನ ಎದುರಿಗೇ 11 ಮೀಟರ್ ದೂರದಿಂದ ನೋಡಿದರೆ ಆ ಬಾಯಿ ಸುಮಾರು 37 ಡಿಗ್ರಿಯಷ್ಟು ತೆರೆದಿರುತ್ತದೆ. ಗೋಲ್‌ಲೈನ್‌ನಿಂದ ಅದೇ 11 ಮೀಟರ್ ದೂರದಲ್ಲೇ ಇದ್ದು, ನಡುವಿನಿಂದ 11 ಮೀಟರ್ ಪಕ್ಕಕ್ಕೆ ಹೋದರೆ ಉಳಿಯುವುದು ಸುಮಾರು 19 ಡಿಗ್ರಿ. ಚೆಂಡು ಇನ್ನೂ ಎದುರಾಳಿಯ ಕಾಲಲ್ಲೇ ಇದೆ, ನೀವು ಟ್ಯಾಕಲ್ ಮಾಡಿಲ್ಲ, ಆದರೂ ಅವನಿಗೆ ಕಾಣುವ ಗೋಲು ಅರ್ಧಕ್ಕೆ ಇಳಿಯಿತು.

ಹಾಕಿ ಆಡಿದವರಿಗೆ ಈ ಲೆಕ್ಕ ಮೈಯಲ್ಲೇ ಇರುತ್ತದೆ. ಹಾಕಿ ಸ್ಟಿಕ್ಕಿನ ಗುಂಡು ಬೆನ್ನಿಂದ ಚೆಂಡು ಮುಟ್ಟುವಂತಿಲ್ಲ. ಹಾಗಾಗಿ ಡಿಫೆಂಡರ್‌ಗೆ ತನ್ನ ಬಲಗಡೆಯೇ ಗಟ್ಟಿ. ಎಡಗಡೆಯ ದಾರಿ ಮುಚ್ಚಿ ನಿಂತು, ಬಲಗಡೆ ಸ್ವಲ್ಪ ಜಾಗ ಬಿಟ್ಟು, ಎದುರಾಳಿ ಅಲ್ಲಿಗೇ ಬರುವಂತೆ ಮಾಡುತ್ತಾನೆ. 2012ರ ಲಂಡನ್ ಮತ್ತು 2016ರ ರಿಯೊ ಒಲಿಂಪಿಕ್ಸ್‌ಗಳಲ್ಲಿ ಭಾರತದ ತಂಡದಲ್ಲಿದ್ದ ಕೊಡಗಿನವರಲ್ಲಿ ಡಿಫೆಂಡರ್ ವಿ.ಆರ್. ರಘುನಾಥ್ ಮತ್ತು ವೇಗಕ್ಕೆ ಹೆಸರಾದ ಸೋಮವಾರಪೇಟೆಯ ಫಾರ್ವರ್ಡ್ ಎಸ್.ವಿ. ಸುನಿಲ್ ಇಬ್ಬರೂ ಸೇರಿದ್ದರು. ಸುನಿಲ್‌ರಂಥ ಓಟಗಾರನ ಜೊತೆ ಓಡಿ ಗೆಲ್ಲಬಲ್ಲ ಡಿಫೆಂಡರ್‌ಗಳು ಎಲ್ಲೂ ಹೆಚ್ಚಿಲ್ಲ. ಉಳಿದ ಡಿಫೆಂಡರ್‌ಗಳು ನಿಲ್ಲುವ ಜಾಗದ ಬಲದಿಂದಲೇ ಅವನನ್ನು ತಡೆಯಬೇಕು.

“ಟ್ಯಾಕಲ್ ಒತ್ತುತ್ತಲೇ ಇರು, ಒಂದಲ್ಲ ಒಂದು ತಾಗುತ್ತದೆ”

ತಾಗದೆ ಹೋದ ಪ್ರತಿ ಟ್ಯಾಕಲ್‌ಗೂ ಬೆಲೆ ಇದೆ. ಚಾಚಿದ ಕಾಲನ್ನು ಹಿಂದಕ್ಕೆಳೆದು ಸರಿಯಾಗಿ ನಿಲ್ಲುವವರೆಗೆ ಆ ಆಟಗಾರ ನಿಮ್ಮ ಮಾತು ಕೇಳುವುದಿಲ್ಲ. ಸ್ಲೈಡ್ ಮಾಡಿದ್ದರೆ ನೆಲದಿಂದ ಏಳಬೇಕು. ಪೆನಾಲ್ಟಿ ಬಾಕ್ಸ್ ಒಳಗಾದರೆ ಇನ್ನೂ ಕೆಟ್ಟದ್ದಾಗುತ್ತದೆ.

ಸರಿಯಾದ ಗಳಿಗೆ ಯಾವುದೆಂದು ಚೆಂಡೇ ಹೇಳುತ್ತದೆ. ಓಡುವವನು ವೇಗ ಹೆಚ್ಚಿಸಿದಂತೆ ಚೆಂಡನ್ನು ಪ್ರತಿ ಮುಟ್ಟಿನಲ್ಲೂ ಹೆಚ್ಚು ಮುಂದಕ್ಕೆ ತಳ್ಳಬೇಕಾಗುತ್ತದೆ. ಕಾಲಿಂದ ಚೆಂಡು ಹೊರಟು ಮುಂದಿನ ಮುಟ್ಟಿಗೆ ಕಾಲು ಇನ್ನೂ ತಲುಪದ ಕ್ಷಣದಲ್ಲಿ ಅದು ಯಾರದ್ದೂ ಅಲ್ಲ. ಕಣ್ಣು ಅವನ ಕಾಲಿನ ಕಸರತ್ತಿನ ಮೇಲಿದ್ದರೆ ಇದು ಕಾಣುವುದಿಲ್ಲ. ಚೆಂಡನ್ನೇ ನೋಡಿ.

“ನೆಟ್‌ವರ್ಕ್ ಕೈಕೊಟ್ಟಿತು, ಅದಕ್ಕೇ ಗೋಲಾಯಿತು”

ಇದರಲ್ಲಿ ಅರ್ಧ ಸತ್ಯವಿದೆ. ಕಾಫಿ ತೋಟ, ಗುಡ್ಡ, ಇಳಿಜಾರುಗಳ ನಡುವೆ ಸಿಗ್ನಲ್ ಹೇಗಿರುತ್ತದೆಂದು ಇಲ್ಲಿಯವರಿಗೆ ಹೇಳಬೇಕಾಗಿಲ್ಲ. ಗಾಳಿಮಳೆಗೆ ಕರೆಂಟ್ ಹೋದ ದಿನ ಕೇಳುವುದೇ ಬೇಡ. ಆದರೆ ಆ ಅರ್ಧ ಸತ್ಯದಿಂದ ಹುಡುಗರು ತೆಗೆಯುವ ತೀರ್ಮಾನ ತಿರುಗುಮುರುಗು.

ಲೆಕ್ಕ ಹಾಕಿ ನೋಡೋಣ. ನಿಮ್ಮ ಬೆರಳಿನ ಆಜ್ಞೆ ಆಟಗಾರನ ಕಾಲಿಗೆ ತಲುಪಲು 150 ಮಿಲಿಸೆಕೆಂಡ್ ತಡ ಎಂದುಕೊಳ್ಳಿ. ಸೆಕೆಂಡಿಗೆ 8 ಮೀಟರ್ ಓಡುವ ಫಾರ್ವರ್ಡ್ ಅಷ್ಟರಲ್ಲಿ 1.2 ಮೀಟರ್ ಮುಂದೆ ಹೋಗಿರುತ್ತಾನೆ. ಕಣ್ಣು ಕಂಡದ್ದಕ್ಕೆ ಬೆರಳು ಓಗೊಡಲು ಮನುಷ್ಯನಿಗೆ ಸುಮಾರು ಕಾಲು ಸೆಕೆಂಡ್ ಬೇಕು. ಅದು ಇನ್ನೊಂದು 2 ಮೀಟರ್. ಒಟ್ಟು ಮೂರು ಮೀಟರಿಗೂ ಹೆಚ್ಚು. ಅವನು ಮೂರು ಮೀಟರ್ ಹಿಂದೆ ಇದ್ದಾಗಿನ ಚಿತ್ರ ನೋಡಿ ನೀವು ಟ್ಯಾಕಲ್ ಒತ್ತುತ್ತಿದ್ದೀರಿ. ನೆಟ್‌ವರ್ಕ್ ಕೆಟ್ಟಷ್ಟೂ ಗಳಿಗೆ ನಂಬಿದ ಟ್ಯಾಕಲ್ ಹೆಚ್ಚು ಸೋಲುತ್ತದೆ. ದಾರಿಗೆ ಅಡ್ಡ ನಿಂತವನಿಗೆ ಈ ತಡ ಅಷ್ಟಾಗಿ ತಟ್ಟದು, ಏಕೆಂದರೆ ಅವನು ಮೊದಲೇ ಅಲ್ಲಿದ್ದಾನೆ. ಸಿಗ್ನಲ್ ಕೈಕೊಡುವ ಊರಿನ ಹುಡುಗರು ಬೆಂಗಳೂರಿನವರಿಗಿಂತ ಮೊದಲೇ ಕಲಿಯಬೇಕಾದ ಆಟ ಇದು.

“ಹತ್ತಿರವಿರುವ ಸೆಂಟರ್‌ಬ್ಯಾಕನ್ನು ಹಿಡಿದು ಮುಂದೆ ನುಗ್ಗಿಸು”

ಎದುರಾಳಿ ನಡುಮೈದಾನ ದಾಟಿದೊಡನೆ ಸೆಂಟರ್‌ಬ್ಯಾಕ್‌ಗೆ ಕರ್ಸರ್ ಬದಲಾಯಿಸಿ ಎದುರಿಗೆ ಓಡಿಸುವುದನ್ನು ದಿನವೂ ನೋಡುತ್ತೇನೆ. “ಬಿಡ್ಬೇಡ ಮಾರಾಯ, ಹೋಗ್ ಹಿಡಿ” ಎಂದು ಪಕ್ಕದವನ ಕೂಗು ಬೇರೆ. ಸೆಂಟರ್‌ಬ್ಯಾಕ್ ಸಾಲು ಬಿಟ್ಟು ಬಂದ ಜಾಗಕ್ಕೇ ಥ್ರೂ ಪಾಸ್ ಬೀಳುತ್ತದೆ. ಬದಲಿಗೆ ಮಿಡ್‌ಫೀಲ್ಡರ್‌ನನ್ನು ಹಿಡಿದು ಪಕ್ಕದಿಂದ ಒತ್ತಡ ಹಾಕಿ. ನೀವು ಮುಟ್ಟದಿದ್ದರೆ ಹಿಂದಿನ ಸಾಲನ್ನು ಗೇಮ್ ತಾನೇ ಸರಿಯಾಗಿ ಕಾಯ್ದುಕೊಳ್ಳುತ್ತದೆ. ಎರಡನೇ ಆಟಗಾರನನ್ನೂ ಒತ್ತಡಕ್ಕೆ ಕರೆಯುವ ಬಟನ್‌ನದ್ದೂ ಇದೇ ಕಥೆ. ಇಬ್ಬರು ಒಬ್ಬನ ಮೇಲೆ ಬಿದ್ದರೆ ಇನ್ನೊಬ್ಬ ಎದುರಾಳಿ ಬಿಡುವಾಗುತ್ತಾನೆ. ಸದಾ ಒತ್ತಿಕೊಂಡಿದ್ದರೆ 70ನೇ ನಿಮಿಷಕ್ಕೆ ನಿಮ್ಮವರ ದಮ್ಮೂ ತೀರಿರುತ್ತದೆ.

ಅಮೆರಿಕದಲ್ಲಿರುವ ನೆಂಟರ ಮಕ್ಕಳು ರಜೆಗೆ ಬಂದಾಗ ತೋರಿಸುವ ಮ್ಯಾಡನ್ ಗೇಮ್‌ನಲ್ಲೂ ಇದೇ ತಪ್ಪು ನಡೆಯುತ್ತದೆ. 1988ರಲ್ಲಿ ಶುರುವಾದ, ಅಮೆರಿಕನ್ ಫುಟ್‌ಬಾಲಿನ ಗೇಮ್ ಅದು. ಅಲ್ಲಿ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಓಡುವುದೇ ಒಂದು ದಾಳಿ. ಎಲ್ಲರನ್ನೂ ಒಮ್ಮೆಗೇ ಮುಂದಕ್ಕೆ ನುಗ್ಗಿಸಿದರೆ ಓಟ ಅಲ್ಲೇ ಸಾಯುತ್ತದೆ ಎಂದು ಹೊಸಬರು ನಂಬುತ್ತಾರೆ. ಆದರೆ ಎದುರಿನ ಐವರು ದಾಂಡಿಗರ ಸಾಲಿನಲ್ಲಿ ಒಬ್ಬೊಬ್ಬರ ನಡುವೆಯೂ ಒಂದು ಸಂದು. ಪ್ರತಿ ಸಂದಿಗೂ ನಿಮ್ಮವನೊಬ್ಬ ಹೊಣೆ. ಒಬ್ಬ ತನ್ನ ಸಂದು ಬಿಟ್ಟು ಚೆಂಡಿನತ್ತ ಹಾರಿದರೆ ಓಟಗಾರ ಆ ಸಂದಿನಿಂದಲೇ ಹೊರಬೀಳುತ್ತಾನೆ. ಹಿಂದೆ ಹಿಡಿಯಲು ಯಾರೂ ಉಳಿದಿರುವುದಿಲ್ಲ. ಅಂಚಿನಲ್ಲಿ ನಿಂತವನ ಕೆಲಸವಂತೂ ಓಟಗಾರನನ್ನು ಬೀಳಿಸುವುದಕ್ಕಿಂತ ಹೆಚ್ಚಾಗಿ ಅವನು ಹೊರಗಿನಿಂದ ಸುತ್ತಿ ಹೋಗದಂತೆ ಒಳಕ್ಕೆ, ತನ್ನವರ ಗುಂಪಿನತ್ತ ತಿರುಗಿಸುವುದು. ಚೆನ್ನಾಗಿ ಆಡುವವರು ಮುಂದಿನ ಸಾಲನ್ನು ಗೇಮ್‌ಗೆ ಬಿಟ್ಟು, ಅದರ ಹಿಂದಿನ ಲೈನ್‌ಬ್ಯಾಕರ್‌ನನ್ನು ತಾವು ಹಿಡಿಯುತ್ತಾರೆ. ಓಟ ಯಾವ ಸಂದಿಗೆ ತಿರುಗುತ್ತದೆಂದು ನೋಡಿ ಆಮೇಲೆ ಹೆಜ್ಜೆ ಇಡುತ್ತಾರೆ.

“ದುಡ್ಡು ಹಾಕಿ ದೊಡ್ಡ ಡಿಫೆಂಡರ್ ತೆಗೆದುಕೊಂಡರೆ ಸಾಕು”

ಆಟಗಾರನ ಕಾರ್ಡ್ ಮೇಲಿನ ದೊಡ್ಡ ಅಂಕಿ ಹತ್ತಾರು ಗುಣಗಳನ್ನು ಒಟ್ಟು ಮಾಡಿ ತೆಗೆದದ್ದು. ಓಡಿ ಬರುವವನನ್ನು ತಡೆಯಲು ಬೇಕಾಗುವ ತಿರುಗುವ ಚುರುಕು, ಟ್ಯಾಕಲ್, ಜಾಗ ಕಾಯುವ ಅರಿವು ಇವುಗಳನ್ನು ಬೇರೆಬೇರೆಯಾಗಿ ನೋಡಬೇಕು. ಅವೆಲ್ಲ ಇದ್ದರೂ ನೀವು ತಪ್ಪು ಜಾಗಕ್ಕೆ ಓಡಿಸಿದರೆ ಅವನು ತಪ್ಪು ಜಾಗದಲ್ಲೇ ಇರುತ್ತಾನೆ.

ಹೆತ್ತವರೂ ಗಮನಿಸಬೇಕಾದ ವಿಷಯ ಇದು. ಪ್ಯಾಕ್ ಕೊಂಡರೆ ಯಾವ ಆಟಗಾರ ಸಿಗುತ್ತಾನೆಂಬುದು ಅದೃಷ್ಟಕ್ಕೆ ಬಿಟ್ಟದ್ದು. ಬೆಲ್ಜಿಯಂನಲ್ಲಿ 2018ರಲ್ಲಿ ಜೂಜು ನಿಯಂತ್ರಣ ಆಯೋಗ ಇಂಥ ಪ್ಯಾಕ್‌ಗಳನ್ನು ಜೂಜು ಎಂದು ಪರಿಗಣಿಸಿತು. ಮರುವರ್ಷ ಗೇಮ್ ಕಂಪನಿ ಇಎ, ಪ್ಯಾಕ್ ಕೊಳ್ಳಲು ಬಳಸುವ ಫಿಫಾ ಪಾಯಿಂಟ್ಸ್ ಮಾರಾಟವನ್ನು ಅಲ್ಲಿ ನಿಲ್ಲಿಸಿತು. ಸೋತ ಸಿಟ್ಟಿನಲ್ಲಿ ಅಪ್ಪನ ಫೋನಿನ ಯುಪಿಐ ಬಳಸಿ ಹುಡುಗನೊಬ್ಬ ಪ್ಯಾಕ್ ಕೊಳ್ಳುವುದು ನನಗೆ ನಿಜಕ್ಕೂ ನೋವು ತರುತ್ತದೆ. ಅವನಿಗೆ ಬೇಕಾಗಿದ್ದ ಪಾಠಕ್ಕೆ ಒಂದು ಪೈಸೆಯೂ ಬೇಡವಾಗಿತ್ತು.

“ಯಾರು ಗೆಲ್ಲಬೇಕೆಂದು ಗೇಮ್ ಮೊದಲೇ ಬರೆದಿರುತ್ತದೆ”

ಆಟದ ಕಷ್ಟವನ್ನು ಆಡುತ್ತಿರುವಾಗಲೇ ಏರಿಳಿಸುವ ತಂತ್ರದ ಪೇಟೆಂಟ್ ಇಎ ಬಳಿ ಇರುವುದು ನಿಜ. ಅದನ್ನು ಫಿಫಾದಲ್ಲಿ ಗುಟ್ಟಾಗಿ ಬಳಸುತ್ತಾರೆಂದು 2020ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಮೊಕದ್ದಮೆಯೂ ಬಿತ್ತು. ಬಳಸಿಲ್ಲವೆಂದು ಕಂಪನಿ ಹೇಳಿತು. ದೂರಿದವರು 2021ರಲ್ಲಿ ಮೊಕದ್ದಮೆ ಕೈಬಿಟ್ಟರು. ಗೇಮನ್ನು ದೂರುವ ಮೊದಲು, ಗೋಲಾದ ಮೇಲೆ ರೀಪ್ಲೇ ಕತ್ತರಿಸದೆ ನೋಡಿ. ಸಾಲು ಬಿಟ್ಟು ಬಂದ ಸೆಂಟರ್‌ಬ್ಯಾಕ್ ಅಲ್ಲೇ ಕಾಣಿಸುತ್ತಾನೆ, ಹೆಚ್ಚಿನ ಸಲ ಅವನನ್ನು ಎಳೆದದ್ದು ನಿಮ್ಮದೇ ಹೆಬ್ಬೆರಳು.

ಅಭ್ಯಾಸಕ್ಕೆ ಒಂದು ದಾರಿ ಹೇಳುತ್ತೇನೆ. ಕಂಪ್ಯೂಟರ್ ಎದುರು ಒಂದು ಹಾಫ್ ಪೂರ್ತಿ ಟ್ಯಾಕಲ್ ಬಟನ್ ಮುಟ್ಟದೆ ಆಡಿ. ಎದುರಾಳಿ ಓಡಿ ಬಂದಾಗ ಗೋಲಿಗೂ ಅವನಿಗೂ ನಡುವೆ ನಿಲ್ಲುವುದು, ಬದಿಗೆ ಸರಿಸುವುದು, ಪಾಸ್ ಕೊಡುವಂತೆ ಮಾಡುವುದು, ಇಷ್ಟೇ ಕೆಲಸ. ಗೋಲು ಬಿಟ್ಟುಕೊಟ್ಟರೂ ಚಿಂತೆಯಿಲ್ಲ. ಎರಡನೇ ಹಾಫ್‌ನಲ್ಲಿ ಟ್ಯಾಕಲ್ ಸೇರಿಸಿ, ಚೆಂಡು ಅವನ ಕಾಲಿಂದ ದೂರ ಹೋದಾಗ ಮಾತ್ರ. ಸುಂಟಿಕೊಪ್ಪದಲ್ಲಿ ಗೋಲ್ಡ್ ಕಪ್ ಫುಟ್‌ಬಾಲ್ ನೋಡಲು ಹೋದರೆ ಒಂದು ಹತ್ತು ನಿಮಿಷ ಚೆಂಡು ಬಿಟ್ಟು ಹಿಂದಿನ ನಾಲ್ವರನ್ನೇ ನೋಡಿ: ಒಬ್ಬ ಮುಂದೆ ಹೋದಾಗ ಉಳಿದ ಮೂವರು ಎಷ್ಟು ಹೆಜ್ಜೆ, ಯಾವ ಕಡೆ ಸರಿಯುತ್ತಾರೆ ಎಂದು.