ಸೇತುವೆ ಇಳಿದು, ಸುರಂಗ ಹೊಕ್ಕು ಸಂಘದತ್ತ

ಎಣ್ಣೂರು: ಟಿ. ನಗರದ ಸಂಘದಲ್ಲಿ ಕಾರ್ಯಕ್ರಮವೆಂದರೆ ಎಣ್ಣೂರಿನ ಕನ್ನಡಿಗರಿಗೆ ಮೊದಲು ನೆನಪಾಗುವುದು ಕಂಟೈನರ್ ಲಾರಿಗಳ ಸಾಲು. ಲೋಕಲ್ ರೈಲು ಹಿಡಿದರೂ ಸೆಂಟ್ರಲ್‌ನಿಂದ ಮುಂದೆ ಕೂವಂ ನದಿಯ ಸೇತುವೆಗಳ ಮೇಲೆ ಬಸ್ಸಿನಲ್ಲಿ ಸಾಗುವುದಿತ್ತು.

2019ರ ಫೆ. 10ರಂದು ನದಿಯಡಿಯ ಜೋಡಿ ಸುರಂಗದಲ್ಲಿ ಮೆಟ್ರೋ ಓಡಿತು, 2021ರ ಫೆ. 14ರಂದು ವಿಮ್ಕೋ ನಗರ ಮುಟ್ಟಿತು. ಅಲ್ಲಿಂದ ಎತ್ತರದ ಸೇತುವೆಯ ಮೇಲೆ ಹೊರಡುವ ರೈಲು ತಂಡೈಯಾರ್‌ಪೇಟೆಗೆ ಮುನ್ನ ಸುರಂಗ ಹೊಕ್ಕು, ಸೆಂಟ್ರಲ್ ಬಿಟ್ಟೊಡನೆ ನದಿ ದಾಟುತ್ತದೆ. ಕೂವಂನ ವಾಸನೆಯೂ ಇಲ್ಲ!

ಎರಡನೇ ಹಂತದ ಲೈಟ್‌ಹೌಸ್-ಪೂನಮಲ್ಲಿ ಮಾರ್ಗ ಪೂರ್ಣಗೊಂಡರೆ ನಂದನಂನಲ್ಲಿ ಬದಲಿಸಿ, ಮುಂದಿನ ನಿಲ್ದಾಣ ಪನಗಲ್ ಪಾರ್ಕ್‌ನಲ್ಲಿ ಇಳಿಯಬಹುದು. ಆಟೋದವರೊಡನೆ ಚೌಕಾಸಿ ತಪ್ಪುತ್ತದೆ.

ಆದರೆ ಮೆಟ್ರೋ ಎಣ್ಣೂರಿಗೆ ಬಂದಿಲ್ಲ. ರಾತ್ರಿ ವಿಮ್ಕೋ ನಗರದಲ್ಲಿ ಇಳಿದ ಹಿರಿಯರು ಬಸ್ಸಿಗೋ ಲೋಕಲ್ ರೈಲಿಗೋ ಕಾಯಬೇಕು. ಅಧ್ಯಕ್ಷರುಗಳು ಭಾಷಣವನ್ನು ಎಂಟೂವರೆಗೆ ಮುಗಿಸಿದರೆ ದೊಡ್ಡ ಉಪಕಾರ.