ಸಂತೆಯೆಂಬ ಪಾಠಶಾಲೆ

ದೇಶ ಸುತ್ತಬೇಕು, ಇಲ್ಲವೆ ಕೋಶ ಓದಬೇಕು ಎಂಬುದು ನಮ್ಮ ಹಿರಿಯರ ಮಾತು. ನನ್ನಂತಹ ಕನ್ನಡ ಪಂಡಿತನು ಆಯುಷ್ಯದ ಬಹುಭಾಗ ಎರಡನೆಯದನ್ನೇ ನೆಚ್ಚಿಕೊಂಡು ಬಂದವನು. ಹೀಗಿರುವಲ್ಲಿ ಶಾಲೆಯ ಈ ಸ್ಮರಣ ಸಂಚಿಕೆಗೆ ಸಂತೆ ಸುತ್ತಿದ ಸಂಗತಿಯನ್ನು ಬರೆಯ ಹೊರಟುದು ಓದುಗರಿಗೆ ವಿಚಿತ್ರವೆನಿಸಬಹುದು. ಆದುದರಿಂದ ಅದರ ಕಾರಣವನ್ನು ಮೊದಲೇ ಅರಿಕೆ ಮಾಡಿಕೊಳ್ಳುತ್ತೇನೆ.

ಕೆಲವು ಕಾಲದ ಹಿಂದೆ ನಮ್ಮ ಶಾಲೆಯ ಹಳೆಯ ವಿದ್ಯಾರ್ಥಿಯೊಬ್ಬರು, ಉದ್ಯೋಗನಿಮಿತ್ತ ಮೆಕ್ಸಿಕೋ ದೇಶಕ್ಕೆ ಹೋಗಿ ಬಂದವರು, ಮಕ್ಕಳ ಮುಂದೆ ತಮ್ಮ ಅನುಭವವನ್ನು ಹೇಳಿದರು. ಆ ದೇಶದ ರಾಜಧಾನಿಯಲ್ಲಿ ಪ್ರವಾಸಿಗರನ್ನು ಕಾಲ್ನಡಿಗೆಯಲ್ಲಿ ಪೇಟೆ ಸುತ್ತಿಸುವ ಮಾರ್ಗದರ್ಶಕರಿದ್ದಾರೆ. ಅಂತಹ ಒಬ್ಬನ ಹಿಂದೆ ಇವರು ಅರ್ಧ ದಿನ ನಡೆದರಂತೆ. ಅವನು ಅಂಗಡಿಯಿಂದ ಅಂಗಡಿಗೆ ಕರೆದೊಯ್ದು ಪದಾರ್ಥದ ಹೆಸರು ಹೇಳುವನು. ಅದನ್ನು ಬೆಳೆದವರು ಯಾರು, ಹೆಣೆದವರು ಯಾರು ಎಂದು ತಿಳಿಸುವನು. ಒಂದು ತುಣುಕು ರುಚಿ ತೋರಿಸುವನು. ಬಳಿಕ ಮುಂದಕ್ಕೆ ನಡೆಸುವನು. ಭಾಷಣ ಮುಗಿದಾಗ ಎಂಟನೆಯ ತರಗತಿಯ ಹುಡುಗಿಯೊಬ್ಬಳು ಎದ್ದು ನಿಂತು, "ಸರ್, ನಮ್ಮ ಸಂತಿಯೊಳಗ ಹಿಂಗ ಯಾರು ತೋರಸ್ತಾರ್ರಿ?" ಎಂದು ಕೇಳಿದಳು. ಸಭೆ ನಕ್ಕಿತು. ನನಗೆ ಮಾತ್ರ ನಗು ಬರಲಿಲ್ಲ. ಆ ಕೆಲಸ ಉಪಾಧ್ಯಾಯರದೇ ಅಲ್ಲವೆ?

ಮೆಕ್ಸಿಕೋದ ಸಂತೆಯ ವಿಷಯ ಎರಡು ಮಾತು ಹೇಳಿ ಮುಂದುವರಿಯುವುದು ಒಳಿತು. ಅಲ್ಲಿ ವಾರದ ಸಂತೆಗೆ 'ತಿಯಾಂಗಿಸ್' ಎನ್ನುತ್ತಾರೆ. ಇದು ಸ್ಪ್ಯಾನಿಷ್ ಜನ ಬರುವುದಕ್ಕೆ ಮುಂಚೆಯೇ ಅಲ್ಲಿದ್ದ ನಾವಾಟ್ಲ್ ಭಾಷೆಯ ಮಾತಿನಿಂದ ಬಂದುದು. ೧೫೧೯ರಲ್ಲಿ ಕೊರ್ಟೆಸನ ಸೈನ್ಯ ಆ ರಾಜಧಾನಿಯನ್ನು ಹೊಕ್ಕಾಗ, ಪಕ್ಕದ ತ್ಲಾತೆಲೋಲ್ಕೋ ಎಂಬಲ್ಲಿ ನೆರೆಯುತ್ತಿದ್ದ ಸಂತೆಯನ್ನು ಕಂಡು ಬೆರಗಾಯಿತು. ದಿನವೊಂದಕ್ಕೆ ಅರವತ್ತು ಸಾವಿರಕ್ಕೂ ಮಿಕ್ಕ ಜನ ಅಲ್ಲಿ ಕೊಡುಕೊಳ್ಳುತ್ತಿದ್ದರೆಂದು ಕೊರ್ಟೆಸನೇ ತನ್ನ ದೊರೆಗೆ ಬರೆದನು. ಹಗ್ಗಕ್ಕೊಂದು ಸಾಲು, ಮಡಕೆಗೊಂದು ಸಾಲು, ಅರಳೆಗೊಂದು ಸಾಲು ಎಂದು ಪದಾರ್ಥಗಳಿಗೆ ನಿಯತ ಸ್ಥಳಗಳಿದ್ದವು; ತಕರಾರು ತೀರಿಸಲು ನ್ಯಾಯಾಧಿಕಾರಿಗಳು ಸಂತೆಯಲ್ಲಿಯೇ ಕುಳಿತಿರುತ್ತಿದ್ದರು; ಕೋಕೋ ಬೀಜವೇ ಚಿಲ್ಲರೆ ಹಣವಾಗಿತ್ತು. ಎರಡು ವರ್ಷಗಳಲ್ಲಿ ಆ ರಾಜ್ಯ ಅಳಿಯಿತು. ಆದರೆ ಆ ಸಂತೆಯ ನೆನಪನ್ನು ಅಲ್ಲಿಯ ಜನ ಬಿಡಲಿಲ್ಲ. ೧೯೪೫ರಲ್ಲಿ ದಿಯೇಗೋ ರಿವೇರಾ ಎಂಬ ಚಿತ್ರಕಾರನು ಅದನ್ನು ರಾಷ್ಟ್ರೀಯ ಅರಮನೆಯ ಗೋಡೆಯ ಮೇಲೆ ಬರೆದನು; ೧೯೬೪ರಲ್ಲಿ ತೆರೆದ ಮಾನವಶಾಸ್ತ್ರ ವಸ್ತುಸಂಗ್ರಹಾಲಯದಲ್ಲಿ ಅದರ ಪುಟ್ಟ ಪ್ರತಿಕೃತಿಯನ್ನು ಇರಿಸಿದ್ದಾರೆ. ಅಲ್ಲಿ ಮೊದಲು ಪ್ರತಿಕೃತಿಯನ್ನು ಕಂಡು, ಬಳಿಕ ಜೀವಂತ ಪೇಟೆಗೆ ನಡೆದು ಹೋಗಬಹುದು.

ಈ ಕ್ರಮ ನನಗೆ ಹಿಡಿಸಿತು. ನಮ್ಮಲ್ಲಿಯೂ ಅಂತಹ ಪ್ರತಿಕೃತಿ ಇದೆಯಷ್ಟೆ. ಶಿಗ್ಗಾವಿ ತಾಲೂಕಿನ ಗೊಟಗೋಡಿಯಲ್ಲಿ, ಪುಣೆ-ಬೆಂಗಳೂರು ಹೆದ್ದಾರಿಯ ಬದಿಗೆ, ಕಲಾವಿದ ದಿವಂಗತ ಟಿ. ಬಿ. ಸೊಲಬಕ್ಕನವರ ಅವರು ನಿರ್ಮಿಸಿದ ಉತ್ಸವ ರಾಕ್ ಗಾರ್ಡನ್ ಇದೆ. ಸಾವಿರಕ್ಕೂ ಹೆಚ್ಚು ಶಿಲ್ಪಗಳು ಅಲ್ಲಿ ಒಂದು ಊರನ್ನೇ ಕಟ್ಟಿ ನಿಲ್ಲಿಸಿವೆ. ಒಕ್ಕಲುತನ, ದನ-ಕುರಿ ಸಾಕಣೆ, ಮನೆಗೆಲಸ, ಕೈಕಸುಬು, ಜನಪದ ಆಟ ಇವೆಲ್ಲ ಆಳೆತ್ತರದ ರೂಪಗಳಲ್ಲಿ ಕಣ್ಣಿಗೆ ಕಟ್ಟುತ್ತವೆ. ಸೊಲಬಕ್ಕನವರು ೨೦೨೦ರಲ್ಲಿ ನಮ್ಮನ್ನಗಲಿದರು. ಅವರ ಊರು ಮಾತ್ರ ಹಾಗೆಯೇ ನಿಂತಿದೆ. ಅದೇ ಗೊಟಗೋಡಿಯಲ್ಲಿ ೨೦೧೧ರ ಕಾಯಿದೆಯಂತೆ ಸ್ಥಾಪನೆಯಾದ ಕರ್ನಾಟಕ ಜಾನಪದ ವಿಶ್ವವಿದ್ಯಾಲಯವೂ ಇದೆ. ಆದುದರಿಂದ ಬೆಳಿಗ್ಗೆ ಗೊಟಗೋಡಿ, ಮಧ್ಯಾಹ್ನ ಶಿಗ್ಗಾವಿಯ ವಾರದ ಸಂತೆ ಎಂದು ನಿಶ್ಚಯಿಸಿ, ಎಂಟನೆಯ ತರಗತಿಯ ಮಕ್ಕಳನ್ನು ಕರೆದುಕೊಂಡು ಹೊರಟೆನು. ಮಾರ್ಗದರ್ಶಕನ ಪಾತ್ರ ನನ್ನದೇ.

ಗೊಟಗೋಡಿಯಲ್ಲಿ ಮಾರ್ಗದರ್ಶನ ಸುಲಭವಾಯಿತು. ಶಿಲ್ಪಗಳು ಅಲುಗುವುದಿಲ್ಲ, ಎದುರು ಮಾತನಾಡುವುದಿಲ್ಲ. ಕುಂಬಾರನ ತಿಗರಿ, ಕಂಬಾರನ ತಿದಿ ಎಂದು ಕಸುಬಿನ ಮಾತುಗಳನ್ನು ನಾನು ಹೇಳಿದಂತೆ ಮಕ್ಕಳು ಬರೆದುಕೊಂಡರು. ಹುಡುಗನೊಬ್ಬನು, "ಇವರೆಲ್ಲ ಈಗ ಇಲ್ಲೇನ್ರಿ?" ಎಂದು ಕೇಳಿದನು. ಸಂತೆಗೆ ನಡೆ, ಅಲ್ಲಿ ಇದ್ದಾರೆ ಎಂದೆನು.

ಸಂತೆಯಲ್ಲಿ ಮೊದಲು ತಿನ್ನುವ ಪದಾರ್ಥಗಳ ಸಾಲು. ಅಲ್ಲಿ ಮೆಣಸಿನಕಾಯಿಯ ರಾಶಿಯ ಮುಂದೆ ಮಕ್ಕಳನ್ನು ನಿಲ್ಲಿಸಿ, ಇದು ಯಾವ ದೇಶದ್ದು ಎಂದು ಕೇಳಿದೆನು. "ಬ್ಯಾಡಗಿದು" ಎಂದು ಒಕ್ಕೊರಲಿನ ಉತ್ತರ ಬಂದಿತು. ಉತ್ತರ ತಪ್ಪೆನ್ನುವಂತಿಲ್ಲ. ಆದರೆ ಮೆಣಸಿನಕಾಯಿಯ ತವರು ಮೆಕ್ಸಿಕೋ. ಇಂಗ್ಲಿಷಿನವರ 'ಚಿಲ್ಲಿ' ಎಂಬ ಮಾತೂ ಅದೇ ನಾವಾಟ್ಲ್ ಭಾಷೆಯದು. ಹದಿನಾರನೆಯ ಶತಮಾನದಲ್ಲಿ ಪೋರ್ತುಗೀಜರ ಹಡಗುಗಳಲ್ಲಿ ಅದು ನಮ್ಮ ಪಡುವಲ ಕಡಲ ತೀರಕ್ಕೆ ಬಂದಿತು. ಅಲ್ಲಿಯವರೆಗೆ ನಮ್ಮ ಅಡಿಗೆಗೆ ಖಾರ ಕೊಟ್ಟುದು ಮೆಣಸು, ಎಂದರೆ ಬಳ್ಳಿಯಲ್ಲಿ ಬಿಡುವ ಕಪ್ಪು ಕಾಳು. ಹೊಸತಾಗಿ ಬಂದುದಕ್ಕೆ ಕನ್ನಡಿಗರು ಮೆಣಸಿನಂತಹ ಕಾಯಿ ಎಂಬರ್ಥದಲ್ಲಿ 'ಮೆಣಸಿನಕಾಯಿ' ಎಂದು ಹೆಸರಿಟ್ಟರು. ಕಾಲಕ್ರಮದಲ್ಲಿ ಅತಿಥಿಯು ಎಷ್ಟು ಬಲಿತನೆಂದರೆ, ಮನೆಯ ಮೂಲ ಯಜಮಾನನು ತನ್ನ ಗುರುತು ಹೇಳಿಕೊಳ್ಳಲು 'ಕಾಳುಮೆಣಸು', 'ಕರಿಮೆಣಸು' ಎಂದು ವಿಶೇಷಣ ಹಚ್ಚಿಕೊಳ್ಳಬೇಕಾಯಿತು!

ಇಂತಹವು ಇನ್ನೂ ಎಷ್ಟೋ. ಸಂತೆಯ ಗೋವಿನಜೋಳದ ತವರೂ ಮೆಕ್ಸಿಕೋ. ಅಲ್ಲಿಯ ಹೆಂಗಸರು ಅದನ್ನು ಸುಣ್ಣದ ನೀರಿನಲ್ಲಿ ಬೇಯಿಸಿ, ಕಲ್ಲಿನ ಮೇಲೆ ಅರೆದು, ಕೈಯಲ್ಲಿ ತಟ್ಟಿ, ಹಂಚಿನ ಮೇಲೆ ಬೇಯಿಸುತ್ತಾರೆ, ಹೆಸರು 'ತೋರ್ತಿಯಾ'. ನಮ್ಮ ರೊಟ್ಟಿಯ ತಂಗಿಯೆಂದರೆ ಸಲ್ಲುತ್ತದೆ. ಟೊಮ್ಯಾಟೊ ಎಂಬ ಹೆಸರು ಅಲ್ಲಿಯದು. ಶೇಂಗಾ ಅದಕ್ಕೂ ತೆಂಕಣ ಅಮೆರಿಕದ್ದು. ನಾವು ದಸರೆ-ದೀಪಾವಳಿಗೆ ಬಾಗಿಲಿಗೆ ಕಟ್ಟುವ ಚೆಂಡುಹೂವೂ ಮೆಕ್ಸಿಕೋದ್ದೇ. ಅವರು ನವೆಂಬರ್ ಮೊದಲಲ್ಲಿ ತಮ್ಮ ಪಿತೃಗಳ ಸ್ಮರಣೆಗೆ ಅದನ್ನೇ ಅರ್ಪಿಸುತ್ತಾರೆ. ನಮ್ಮ ಹೊಲದ ಬೇಲಿಯ ಪಾಪಾಸುಕಳ್ಳಿಯ ಕುಲ ಆ ದೇಶದ ರಾಜಮುದ್ರೆಯಲ್ಲಿದೆ. ಮುಳ್ಳು ಹೆರೆದ ಅದರ ಎಲೆಯಂತಹ ತುಂಡುಗಳು ಅಲ್ಲಿ ಕಾಯಿಪಲ್ಲೆಯ ಸಾಲಿನಲ್ಲಿ ಮಾರಾಟವಾಗುತ್ತವೆ. ಇದನ್ನು ಕೇಳಿ ಮಕ್ಕಳು ಮುಖ ಮುಖ ನೋಡಿಕೊಂಡರು.

ಋಣ ಒಂದೇ ಕಡೆಯದಲ್ಲ. ಮೆಕ್ಸಿಕೋದ ಪೇಟೆಗಳಲ್ಲಿ ಹುಣಸೆಹಣ್ಣು ಬಹು ಜನಪ್ರಿಯ. ಅದಕ್ಕೆ ಸಕ್ಕರೆ, ಖಾರ ಬೆರೆಸಿ ಮಿಠಾಯಿ ಮಾಡುತ್ತಾರೆ. ಅಲ್ಲಿ ಅದರ ಹೆಸರು 'ತಮರಿಂದೋ'. 'ಭಾರತದ ಖರ್ಜೂರ' ಎಂಬ ಅರಬ್ಬೀ ಮಾತಿನಿಂದ ಬಂದುದು ಅದು. ನಮ್ಮ ಸಂತೆಯಲ್ಲಿ ಅವರ ಕಾಯಿ, ಅವರ ಸಂತೆಯಲ್ಲಿ ನಮ್ಮ ಹೆಸರು!

ವ್ಯಾಕರಣದಲ್ಲಿ ನಾವು ಪದಗಳನ್ನು ತತ್ಸಮ, ತದ್ಭವ, ದೇಶ್ಯ, ಅನ್ಯದೇಶ್ಯ ಎಂದು ವಿಂಗಡಿಸುತ್ತೇವೆ. ಸಂತೆಯ ಪದಾರ್ಥಗಳಿಗೂ ಈ ವಿಂಗಡಣೆ ಸಲ್ಲುತ್ತದೆ. ಆದರೆ ಅನ್ಯದೇಶ್ಯವಾದುದು ಯಾವಾಗ ನಮ್ಮದಾಗುತ್ತದೆ? ದಿನದಿನವೂ ಬಳಸಿದಾಗ. ಬ್ಯಾಡಗಿಯ ರೈತನು ಮೆಣಸಿನಕಾಯಿಯನ್ನು ತಲೆತಲಾಂತರದಿಂದ ಬಿತ್ತಿ, ಬಿಸಿಲಿಗೆ ಹರವಿ, ಆರಿಸಿ, ಕಡ್ಡಿ-ಡಬ್ಬಿ ಎಂದು ತಳಿಯ ಭೇದ ಮಾಡಿ, ಖಾರ ಕಡಿಮೆ ಬಣ್ಣ ಹೆಚ್ಚು ಎಂಬ ಖ್ಯಾತಿ ಗಳಿಸಿಕೊಟ್ಟನು. ೨೦೧೧ರಲ್ಲಿ ಬ್ಯಾಡಗಿ ಮೆಣಸಿನಕಾಯಿಗೆ ಭೌಗೋಳಿಕ ಸೂಚಕದ ಮಾನ್ಯತೆ ದೊರೆಯಿತು. ಸಾವಿರಾರು ಮೈಲಿ ಕಡಲು ದಾಟಿ ಬಂದ ಕಾಯಿಯು ಹೀಗೆ ನಮ್ಮ ಜಿಲ್ಲೆಯ ಊರಿನ ಹೆಸರಿನಲ್ಲಿಯೇ ಸ್ವದೇಶದ ಪತ್ರ ಪಡೆಯಿತು.

ಈ ಪಾಠವನ್ನು ಹೇಳಿ ಮುಗಿಸಿದ ಗರ್ವದಲ್ಲಿ ಮಕ್ಕಳನ್ನು ಕೈಕಸುಬಿನವರ ಸಾಲಿಗೆ ನಡೆಸಿದೆನು. ಸಾಲು ಎನ್ನುವಷ್ಟು ಉದ್ದವಿರಲಿಲ್ಲ. ಒಂದು ಮೂಲೆಯಲ್ಲಿ ಹಗ್ಗದವನೊಬ್ಬ, ಗಡಿಗೆಯವರು ಇಬ್ಬರು, ಬುಟ್ಟಿ ಮಾರುವ ಮುದುಕಿಯೊಬ್ಬಳು. ಎದುರಿಗೇ ಬಣ್ಣಬಣ್ಣದ ಪ್ಲಾಸ್ಟಿಕ್ ಸಾಮಾನುಗಳ ದೊಡ್ಡ ರಾಶಿ.

ಮುದುಕಿಯ ಮುಂದೆ ಮೊರವನ್ನೆತ್ತಿ, ಇದರ ಹೆಸರು ಹೇಳಿರೆಂದು ಮಕ್ಕಳನ್ನು ಕೇಳಿದೆನು. ಯಾರೂ ಹೇಳಲಿಲ್ಲ. ಮುದುಕಿ, "ಅದು ಮರ" ಎಂದಳು. ಮಕ್ಕಳು ಗಿಡಮರದ ಮರವೆಂದು ತಿಳಿದು ನಕ್ಕರು. ಹಳಗನ್ನಡದಲ್ಲಿ ಇದು ಶಕಟರೇಫದಿಂದ ಬರೆಯುವ 'ಮೊಱ', ಗಿಡದ ಮರ ಬೇರೆ, ಎಂದು ನಾನು ವಿವರಿಸಿದೆನು. ಆದರೆ ಅವಳ ಮುಂದಿದ್ದ ಉಳಿದ ಸಾಮಾನುಗಳೆಲ್ಲ ನನ್ನ ಪಾಲಿಗೂ ಬುಟ್ಟಿಗಳೇ. ಅವಳು ಒಂದೊಂದನ್ನೇ ಎತ್ತಿ ತೋರಿಸಿದಳು: ಇದು ರೊಟ್ಟಿ ಬುಟ್ಟಿ, ಇದು ಹೊಲಕ್ಕೆ ಗೊಬ್ಬರ ಹೊರುವ ಹೆಡಗಿ, ಇದು ಸಾಣಿಗೆ. ಹೆಣಿಗೆಯ ಸಂದು ಏಕೆ ಇಲ್ಲಿ ಬಿಗಿ, ಏಕೆ ಅಲ್ಲಿ ಸಡಿಲು ಎಂದು ಹೇಳಿದಳು. ರೊಟ್ಟಿಯ ಹಬೆ ಹೊರಗೆ ಹೋಗಬೇಕು, ಇಲ್ಲವಾದರೆ ರೊಟ್ಟಿ ಬೆವರುತ್ತದೆ. ಅದಕ್ಕೇ ಅಷ್ಟು ಸಂದು. ಅಲ್ಲಿಯವರೆಗೆ ಮಾರ್ಗದರ್ಶಕನಾಗಿದ್ದ ನಾನು ಆ ಘಳಿಗೆಯಲ್ಲಿ ವಿದ್ಯಾರ್ಥಿಯಾದೆನು.

ಇಷ್ಟು ಕೇಳಿಯೂ ನನ್ನ ಬುದ್ಧಿ ನೆಟ್ಟಗಾಗಲಿಲ್ಲ. ಒಂದು ಮೊರವನ್ನು ಕೊಳ್ಳಬೇಕೆಂದು ಬೆಲೆ ಕೇಳಿದೆನು. ಹೇಳಿದಳು. ಅಭ್ಯಾಸಬಲದಿಂದ, "ಅವ್ವಾ, ಎದುರಿಗಿನ ಪ್ಲಾಸ್ಟಿಕ್ಕಿನದು ಅರ್ಧ ಬೆಲೆಗಿದೆಯಲ್ಲ, ಸ್ವಲ್ಪ ಕಡಿಮೆ ಮಾಡು" ಎಂದೆನು. ಅವಳು ಸಿಟ್ಟಾಗಲಿಲ್ಲ. "ಮಾಸ್ತರ್ರ, ಬಿದಿರು ತರೋರು ನಾವ, ಸೀಳೋರು ನಾವ, ಹೆಣಿಯೋರು ನಾವ. ನಮ್ಮ ಕೈಗೆ ಎಷ್ಟು ಬೆಲಿ ಅಂತ ಹುಡುಗರ ಮುಂದ ನೀವ ಹೇಳ್ರಿ" ಎಂದಳು.

ಮಕ್ಕಳೆಲ್ಲ ನನ್ನ ಮುಖವನ್ನೇ ನೋಡುತ್ತಿದ್ದರು. ಮೇದಾರ ಕೇತಯ್ಯ, ನುಲಿಯ ಚಂದಯ್ಯ ಎಂಬ ಶರಣರ ಹೆಸರುಗಳನ್ನು ನಾನು ಎಷ್ಟು ವರ್ಷ ಬೋಧಿಸಿಲ್ಲ? ಒಬ್ಬರು ಬಿದಿರು ಹೆಣೆದವರು, ಒಬ್ಬರು ಹಗ್ಗ ಹೊಸೆದವರು; ಹನ್ನೆರಡನೆಯ ಶತಮಾನದಲ್ಲಿ ಕಸುಬನ್ನೇ ಹೆಸರಿನ ಹಿಂದೆ ಗೌರವದಿಂದ ಧರಿಸಿದವರು. ಪರೀಕ್ಷೆಯಲ್ಲಿ ಕಾಯಕಕ್ಕೆ ಟಿಪ್ಪಣಿ ಬರೆಯಿರೆಂದು ಕೇಳುವ ನಾನು ಸಂತೆಯಲ್ಲಿ ಕಾಯಕದ ಬೆಲೆಯನ್ನು ಇಳಿಸಲು ನಿಂತಿದ್ದೆನು. ಅವಳು ಹೇಳಿದ ಬೆಲೆಯನ್ನೇ ಕೊಟ್ಟು ಮೊರವನ್ನು ತೆಗೆದುಕೊಂಡೆನು. ತಪ್ಪು ನನ್ನದು ಎಂದು ಮಕ್ಕಳಿಗೂ ಹೇಳಿದೆನು.

ಮರಳುವ ದಾರಿಯಲ್ಲಿ ಮನಸ್ಸಿನಲ್ಲಿ ಉಳಿದ ವಿಚಾರ ಒಂದೇ. ಕಡಲಾಚೆಯ ಮೆಣಸಿನಕಾಯಿ ಬಳಕೆಯಿಂದ ನಮ್ಮದಾಯಿತು; ನಮ್ಮದೇ ಆದ ಮೊರ ಬಳಕೆ ತಪ್ಪಿ ನಮ್ಮ ಮಕ್ಕಳಿಗೆ ಅನ್ಯದೇಶ್ಯವಾಯಿತು. ಸೊಲಬಕ್ಕನವರು ತಮ್ಮ ಶಿಲ್ಪಗಳಿಂದ ರೂಪವನ್ನು ಉಳಿಸಿಕೊಟ್ಟರು, ಅದು ಮಹತ್ಕಾರ್ಯ. ಆದರೆ ರೊಟ್ಟಿ ಏಕೆ ಬೆವರುತ್ತದೆ ಎಂಬುದನ್ನು ಶಿಲ್ಪ ಹೇಳಲಾರದು. ಅದನ್ನು ಹೇಳಬಲ್ಲವಳು ಸಂತೆಯ ಮೂಲೆಯಲ್ಲಿ ಕುಳಿತಿದ್ದಾಳೆ. ಅವಳ ಮುಂದೆ ಗಿರಾಕಿ ನಿಲ್ಲದಿದ್ದರೆ ಅವಳೂ ಕೆಲವು ವರ್ಷಗಳಲ್ಲಿ ಗೊಟಗೋಡಿಯ ಶಿಲ್ಪವಾಗಿ ಮಾತ್ರ ಉಳಿದಾಳು.

ಆದುದರಿಂದ ನನ್ನ ಸಹೋದ್ಯೋಗಿಗಳಲ್ಲಿ ವಿಜ್ಞಾಪನೆ. ವರ್ಷಕ್ಕೊಮ್ಮೆಯಾದರೂ ಮಕ್ಕಳನ್ನು ಸಂತೆಗೆ ನಡೆಸಿರಿ. ಇಪ್ಪತ್ತಕ್ಕಿಂತ ಹೆಚ್ಚು ಮಕ್ಕಳು ಬೇಡ. ಗುಂಪು ದೊಡ್ಡದಾದರೆ ಮಾರುವವರ ವ್ಯಾಪಾರ ಕೆಡುತ್ತದೆ. ಮೊದಲು ವಸ್ತುವಿನ ಹೆಸರನ್ನು ಮಾರುವವರ ಬಾಯಿಂದಲೇ ಕೇಳಿಸಿರಿ, ಬಳಿಕ ಅದರ ಉಪಯೋಗ, ಆಮೇಲೆ ಮಾಡುವ ವಿಧಾನ. ಕಡೆಗೆ ಏನನ್ನಾದರೂ ಹೇಳಿದ ಬೆಲೆಗೆ ಕೊಂಡು ಬನ್ನಿರಿ. ಅವರ ಹೊತ್ತಿಗೆ ಗುರುದಕ್ಷಿಣೆ ಸಲ್ಲಬೇಕಷ್ಟೆ.

ಹಳೆಯ ವಿದ್ಯಾರ್ಥಿಗಳಲ್ಲಿ ಹಾಗೂ ದಾನಿಗಳಲ್ಲಿ ಒಂದು ಚಿಕ್ಕ ಬೇಡಿಕೆ. ನಮ್ಮ ಪ್ರಸಾದ ನಿಲಯದಲ್ಲಿ ರೊಟ್ಟಿ ಇಡಲು ಈಗ ಪ್ಲಾಸ್ಟಿಕ್ ಬುಟ್ಟಿಗಳಿವೆ. ಅವುಗಳ ಬದಲಿಗೆ ಬಿದಿರಿನ ಬುಟ್ಟಿಗಳನ್ನು ಮೇದಾರರಿಂದ ನೇರವಾಗಿ ಕೊಂಡು ಕೊಡುವ ಮನಸ್ಸು ಮಾಡಬೇಕು. ಹೆಚ್ಚಿನ ಹಣದ ಮಾತಲ್ಲ. ಮಕ್ಕಳು ದಿನವೂ ಅದನ್ನು ಕಾಣುವರು, ಅದರ ಹೆಸರು ಹೇಳುವರು, ರೊಟ್ಟಿಯೂ ಬೆವರದು. ನಾನು ಕೊಂಡ ಮೊರ ಸದ್ಯಕ್ಕೆ ಎಂಟನೆಯ ತರಗತಿಯ ಗೋಡೆಯ ಮೇಲೆ ತೂಗುತ್ತಿದೆ. ಅದು ಅಲ್ಲಿಂದ ಇಳಿದು ಅಡಿಗೆಮನೆ ಸೇರಿದ ದಿನ ನನ್ನ ಪಾಠ ಪೂರ್ಣವಾಯಿತೆಂದು ತಿಳಿಯುತ್ತೇನೆ.